ಪರರ ಹೆಸರಿನ ಸಾಹಸ

ಹೆಗ್ಗಡದೇವನಕೋಟೆಯ ಸೀಮೆಯಲ್ಲಿ, ಕಪಿಲಾ ನದಿಯ ಹಿನ್ನೀರಿನ ಅಂಚಿನ ಕಾಡಿನಲ್ಲಿ, ಮಾಸ್ತಿಗುಡಿ ಎಂಬ ಸ್ಥಳವಿರುವುದನ್ನು ಈ ಕಡೆಯ ಜನರು ಬಲ್ಲರು. ಮಾಸ್ತಿ ಎಂಬುದು ಮಹಾಸತಿ ಎಂಬ ಶಬ್ದದ ತದ್ಭವ. ಸತ್ತವರ ಹೆಸರು ಅಳಿಯಬಾರದೆಂದು ಹಿಂದಿನವರು ನಿಲ್ಲಿಸಿದ ಕಲ್ಲುಗಳಲ್ಲಿ ವೀರಗಲ್ಲು ಒಂದು ಬಗೆ, ಮಾಸ್ತಿಗಲ್ಲು ಇನ್ನೊಂದು ಬಗೆ. ಈ ಸ್ಥಳದ ಹೆಸರನ್ನೇ ಹೊತ್ತ ಕನ್ನಡ ಚಲಚ್ಚಿತ್ರವೊಂದರ ಚಿತ್ರೀಕರಣವು 2016ನೆಯ ಇಸವಿ ನವೆಂಬರ್ 7ರಂದು ಬೆಂಗಳೂರಿನ ಸಮೀಪದ ತಿಪ್ಪಗೊಂಡನಹಳ್ಳಿ ಜಲಾಶಯದಲ್ಲಿ ನಡೆಯುತ್ತಿದ್ದಿತು. ಹೆಲಿಕಾಪ್ಟರಿನಿಂದ ಮೂವರು ನೀರಿಗೆ ಧುಮುಕಿದರು. ಕಥಾನಾಯಕನ ಪಾತ್ರಧಾರಿಯು ಬದುಕಿ ದಡ ಸೇರಿದರು. ಪ್ರತಿನಾಯಕರ ಪಾತ್ರ ವಹಿಸಿದ್ದ ಅನಿಲ್ ಮತ್ತು ಉದಯ್ ಎಂಬ ಇಬ್ಬರು ತರುಣರು ನೀರಿನಲ್ಲಿ ಮುಳುಗಿ ಪ್ರಾಣ ಬಿಟ್ಟರು. ಮರುವರ್ಷ ಚಿತ್ರವು ತೆರೆಯನ್ನು ಕಂಡಿತು. ಜನರು ಟಿಕೀಟು ಕೊಂಡು ಅದನ್ನು ನೋಡಿದರು.

ಆ ದಿನ ತಪ್ಪು ಯಾರದೆಂಬ ವಿಚಾರವು ನ್ಯಾಯಸ್ಥಾನಕ್ಕೆ ಸೇರಿದ್ದು; ಅದು ಇಲ್ಲಿ ಪ್ರಸ್ತುತವಲ್ಲ. ಆದರೆ ನ್ಯಾಯಸ್ಥಾನವು ತೀರ್ಮಾನಿಸಲಾಗದ ಒಂದು ಪ್ರಶ್ನೆ ಅದರ ಹಿಂದೆ ಉಳಿದಿದೆ. ಒಬ್ಬನು ತನ್ನ ದೇಹವನ್ನು ಅಪಾಯಕ್ಕೆ ಒಡ್ಡುತ್ತಾನೆ. ಅದರಿಂದ ಬರುವ ಕೀರ್ತಿ ಇನ್ನೊಬ್ಬನದಾಗುತ್ತದೆ. ಆ ಅಪಾಯವನ್ನು ಕಂಡು ಸಾವಿರಾರು ಜನರು ಸಂತೋಷಪಡುತ್ತಾರೆ. ಈ ಮೂವರಲ್ಲಿ ಯಾರು ಯಾರಿಗೆ ಋಣಿಗಳು? ಪರರ ಹೆಸರಿನಲ್ಲಿ ಮಾಡಿದ ಸಾಹಸವು ಸಾಹಸವೇ ಅಹುದೆ, ಅಲ್ಲವೆ? ಅದನ್ನು ನೋಡಿ ಹಿಗ್ಗುವುದು ಧರ್ಮವೇ?

ಈ ಪ್ರಶ್ನೆಯು ಬಯಸ್ಕೋಪಿನೊಡನೆ ಹುಟ್ಟಿದ್ದೆಂದು ತಿಳಿಯಲಾಗದು. ಅದೇ ಹೆಗ್ಗಡದೇವನಕೋಟೆಯ ತಾಲ್ಲೂಕಿನ ಬೆಳತೂರಿನಲ್ಲಿ ಕ್ರಿ. ಶ. 1057ರ ಶಾಸನವೊಂದಿದೆ. ನುಗುನಾಡಿನ ರವಿಗನೆಂಬವನ ಮಗಳು ದೇಕಬ್ಬೆ. ಆಕೆಯ ಗಂಡನು ಏಚನೆಂಬ ನಾಡೊಡೆಯ. ಏಚನು ಮಲ್ಲಯುದ್ಧದಲ್ಲಿ ಅರಸನ ದಾಯಾದಿಯನ್ನು ಕೊಂದನೆಂಬ ಕಾರಣದಿಂದ ಅವನನ್ನು ತಲಕಾಡಿಗೆ ಒಯ್ದು ಕೊಲ್ಲಿಸಿದರು. ಹೆತ್ತವರು ತಡೆದರೂ ಕೇಳದೆ ದೇಕಬ್ಬೆಯು ಬೆಂಕಿಯನ್ನು ಹೊಕ್ಕಳು. ಸಹಗಮನವೆಂಬ ಆ ಆಚಾರವು ನಿಂತುಹೋದದ್ದು ಲೋಕದ ಪುಣ್ಯ. ಅದನ್ನು ಹೊಗಳುವುದಕ್ಕಾಗಿ ಈ ಶಾಸನವನ್ನು ನೆನೆಯಬೇಕಾದದ್ದಿಲ್ಲ. ಇಲ್ಲಿ ಗಮನಿಸತಕ್ಕದ್ದು ಬೇರೆ. ಮಲ್ಲಯುದ್ಧವೆಂಬುದು ನೋಡುವವರಿರುವ ಕಾಳಗ. ಅದಕ್ಕೆ ಕಟ್ಟಳೆಯುಂಟು, ಸೋಲು ಗೆಲುವುಗಳುಂಟು, ವೈರವಿಲ್ಲ. ಇಂತಹ ಆಟದ ಒಳಗೆ ಒಮ್ಮೆ ಸಾವು ನಿಜವಾಗಿ ನುಗ್ಗಿತು. ನುಗ್ಗಿದೊಡನೆ ಆಟವೆಂಬ ಮಾತು ಹಾರಿಹೋಗಿ ಅಪರಾಧವೆಂಬ ಮಾತು ಬಂದಿತು. ಬೆಲೆಯನ್ನು ತೆತ್ತವರು ಕಣದಲ್ಲಿ ಇಳಿದವರು ಮತ್ತು ಅವರ ಮನೆಯವರು. ಸುತ್ತ ಕುಳಿತು ನೋಡಿದವರ ವಿಷಯವಾಗಿ ಯಾವ ಕಲ್ಲೂ ಏನನ್ನೂ ಹೇಳುವುದಿಲ್ಲ.

ಕಾಕನಕೋಟೆಯ ಖೆಡ್ಡಾಗಳಲ್ಲಿಯೂ ಹೀಗೆಯೇ ನಡೆಯುತ್ತಿದ್ದಿತು. ಕಾಡಾನೆಗಳ ಹಿಂಡನ್ನು ಸುತ್ತುವರಿದು ನದಿಗೆ ಅಟ್ಟಿ ದಡದ ಆವರಣಕ್ಕೆ ಹೊಗಿಸುವ ಕೆಲಸವು ಕುರುಬರದೂ ಮಾವುತರದೂ ಆಗಿದ್ದಿತು. ಅದನ್ನು ನೋಡುವುದಕ್ಕೆ ಬರುತ್ತಿದ್ದ ವೈಸರಾಯರಿಗೂ ರಾಜಪುತ್ರರಿಗೂ ಎತ್ತರದಲ್ಲಿ ಮರೆಯಾದ ಅಟ್ಟಣೆಗಳನ್ನು ಕಟ್ಟುತ್ತಿದ್ದರು. 1971ರಲ್ಲಿ ಕೊನೆಯ ಖೆಡ್ಡಾ ನಡೆಯಿತು. ಆಮೇಲೆ ಕಬಿನಿಯ ಅಣೆಕಟ್ಟಿನ ನೀರು ಆ ನೆಲದ ಬಹುಭಾಗವನ್ನು ಮುಚ್ಚಿತು. ಆನೆಯ ದಂತದೆದುರು ನಿಂತವನು ಒಬ್ಬ, ಅಟ್ಟಣೆಯಲ್ಲಿ ಕುಳಿತು ಮೈ ನವಿರೇಳಿಸಿಕೊಂಡವನು ಇನ್ನೊಬ್ಬ. ಚಲಚ್ಚಿತ್ರವು ಈ ಅಟ್ಟಣೆಯನ್ನು ಲೋಕದ ಜನರೆಲ್ಲರಿಗೂ ಅಗ್ಗದ ದರಕ್ಕೆ ಒದಗಿಸಿದೆ ಎಂದರೆ ತಪ್ಪಾಗಲಾರದು.

ಇದೇ ಖೆಡ್ಡಾದ ನೆಲದಿಂದ ಎದ್ದುಹೋದ ಹುಡುಗನೊಬ್ಬನ ಚರಿತ್ರೆಯು ಈ ವಿಚಾರಕ್ಕೆ ತಕ್ಕ ದೃಷ್ಟಾಂತವಾಗಿದೆ. ಕಾರಾಪುರದಲ್ಲಿ 1924ರಲ್ಲಿ ಹುಟ್ಟಿದ ಸಾಬು ಮಾವುತನ ಮಗ. ಎಳೆಯ ವಯಸ್ಸಿನಲ್ಲೇ ತಂದೆಯನ್ನು ಕಳೆದುಕೊಂಡು ಅರಮನೆಯ ಆನೆಯ ಲಾಯದ ಆಸರೆಯಲ್ಲಿ ಬೆಳೆದವನು. ರಾಬರ್ಟ್ ಫ್ಲಾಹರ್ಟಿ ಎಂಬ ಖ್ಯಾತ ನಿರ್ದೇಶಕನು 1935ರಲ್ಲಿ ಮೈಸೂರಿಗೆ ಬಂದು ಆನೆಯ ಚಿತ್ರವನ್ನು ತೆಗೆಯತೊಡಗಿದಾಗ ಆತನ ಸಂಗಡಿಗರ ಕಣ್ಣಿಗೆ ಈ ಹುಡುಗನು ಬಿದ್ದನು. 1937ರಲ್ಲಿ ‘ಎಲಿಫೆಂಟ್ ಬಾಯ್’ ಚಿತ್ರವು ಹೊರಬಂದಿತು. ಹನ್ನೊಂದು ಹನ್ನೆರಡು ವಯಸ್ಸಿನ ಬಾಲಕನು ಬೆಟ್ಟದಂತಹ ಆನೆಯ ಕೊರಳನ್ನೇರಿ ನದಿಯನ್ನೂ ಕಾಡನ್ನೂ ದಾಟುವುದನ್ನು ಕಂಡು ಪಶ್ಚಿಮದೇಶಗಳ ಜನರು ಬೆರಗಾದರು. ಅವನಿಗೆ ಅದು ನಟನೆಯೂ ಅಲ್ಲ, ಸಾಹಸವೂ ಅಲ್ಲ, ಮನೆಯ ಕಸುಬು. ಮುಂದೆ 1940ರಲ್ಲಿ ‘ದಿ ಥೀಫ್ ಆಫ್ ಬಾಗ್ದಾದ್’, 1942ರಲ್ಲಿ ‘ಜಂಗಲ್ ಬುಕ್’ ಚಿತ್ರಗಳಿಂದ ಅವನ ಹೆಸರು ಲೋಕವನ್ನೆಲ್ಲ ಸುತ್ತಿತು.

ಆಮೇಲಿನ ಕಥೆಯನ್ನು ಹೆಚ್ಚು ಜನರು ಹೇಳುವುದಿಲ್ಲ. 1944ರಲ್ಲಿ ಅಮೆರಿಕದ ಪೌರತ್ವವನ್ನು ಪಡೆದ ಸಾಬು ಆ ದೇಶದ ವಾಯುಸೇನೆಗೆ ಸೇರಿ, ಬಾಂಬು ಹಾಕುವ ವಿಮಾನದಲ್ಲಿ ಫಿರಂಗಿಯಾಳಾಗಿ ಪೆಸಿಫಿಕ್ ಸಾಗರದ ಮೇಲೆ ಹತ್ತಾರು ಸಲ ಯುದ್ಧಕ್ಕೆ ಹೋಗಿಬಂದನು. ಆ ಶೌರ್ಯಕ್ಕಾಗಿ ಉನ್ನತ ಪದಕವನ್ನೂ ಪಡೆದನು. ಇಲ್ಲಿ ಕ್ಯಾಮರಾ ಇರಲಿಲ್ಲ; ಮರುಚಿತ್ರೀಕರಣವಿರಲಿಲ್ಲ; ಬಿದ್ದರೆ ಎತ್ತುವವರಿರಲಿಲ್ಲ. ಇಂತಹ ಅಪಾಯದಿಂದ ಹಿಂದಿರುಗಿದವನಿಗೆ ಚಿತ್ರರಂಗವು ಒಂದೆರಡು ಒಳ್ಳೆಯ ಪಾತ್ರಗಳನ್ನು ಕೊಟ್ಟು, ಬಳಿಕ ಅಲ್ಪ ಬಂಡವಾಳದ ಕಾಡಿನ ಚಿತ್ರಗಳಿಗೂ ಮಾಯದ ಉಂಗುರದ ಚಿತ್ರಗಳಿಗೂ ಅವನನ್ನು ಇಳಿಸಿತು. ಸರ್ಕಸ್ಸಿನಲ್ಲಿ ಆನೆಯೊಡನೆ ಆಡುವ ಕಾಲವೂ ಅವನಿಗೆ ಬಂದಿತು. 1963ರ ಡಿಸೆಂಬರ್ 2ರಂದು, ನಲವತ್ತು ತುಂಬುವ ಮೊದಲೇ, ಹೃದಯಾಘಾತದಿಂದ ಅವನು ತೀರಿಕೊಂಡನು. ನಿಜವಾದ ಧೈರ್ಯಕ್ಕೆ ಅವನಿಗೆ ದೊರೆತದ್ದು ಒಂದು ಪದಕ. ತೋರಿಕೆಯ ಧೈರ್ಯಕ್ಕೆ ದೊರೆತದ್ದು ಐಶ್ವರ್ಯ. ಲೋಕವು ಧೈರ್ಯವನ್ನು ಕೊಳ್ಳುವುದಿಲ್ಲ, ಧೈರ್ಯದ ಚಿತ್ರವನ್ನು ಕೊಳ್ಳುತ್ತದೆ; ಆ ಚಿತ್ರವು ಹಳತಾದೊಡನೆ ಅದನ್ನು ಕೈಬಿಡುತ್ತದೆ. ಆದರೂ ಸಾಬುವಿಗೆ ಒಂದು ಭಾಗ್ಯವಿದ್ದಿತು: ಅವನು ಮಾಡಿದ್ದೆಲ್ಲ ಅವನ ಹೆಸರಿನಲ್ಲಿಯೇ ನಡೆಯಿತು.

ಈ ಭಾಗ್ಯವಿಲ್ಲದವರ ಸಂಖ್ಯೆಯೇ ಹೆಚ್ಚು. ಹೊಡೆದಾಟದ ಚಿತ್ರಗಳಿಗೆ ಒಂದು ಕಾಲದಲ್ಲಿ ಸ್ಟಂಟ್ ಚಿತ್ರಗಳೆಂದು ಹೆಸರು. ವಿದ್ಯಾವಂತರ ಮನೆಗಳಲ್ಲಿ ಅವುಗಳ ಮಾತನ್ನು ಎತ್ತುತ್ತಿರಲಿಲ್ಲ. ಟೆಂಟಿನ ಮರಳಿನ ಮೇಲೆ ಕುಳಿತವರು ಅವುಗಳ ಪ್ರಭುಗಳು. ಮುಂಬಯಿಯ ವಾಡಿಯಾ ಸಹೋದರರು 1935ರಲ್ಲಿ ‘ಹಂಟರ್‌ವಾಲಿ’ಯನ್ನು ತೆರೆಗೆ ತಂದರು. ನಾಡಿಯಾ ಎಂದು ಪ್ರಸಿದ್ಧಳಾದ ಅದರ ನಾಯಿಕೆಯು ಓಡುವ ರೈಲಿನ ಮೇಲೂ ಕುದುರೆಯ ಮೇಲೂ ತಾನೇ ಸಾಹಸಗಳನ್ನು ಮಾಡುತ್ತಿದ್ದಳು. ಕರ್ನಾಟಕದಲ್ಲಿ ಮೈಸೂರಿನ ಗರಡಿಯಿಂದ ಬಂದ ಕುಸ್ತಿಯ ಪೈಲ್ವಾನ ಎಂ. ಪಿ. ಶಂಕರ್ ಅವರು ಖಳಪಾತ್ರಗಳಲ್ಲಿ ಹೆಸರು ಮಾಡಿ, ಕಾಡನ್ನೂ ಕಾಡಿನ ಪ್ರಾಣಿಗಳನ್ನೂ ವಸ್ತುವಾಗಿಟ್ಟುಕೊಂಡ ಚಿತ್ರಗಳಿಗೆ ಬಂಡವಾಳ ಹೂಡಿದರು; 1973ರ ‘ಗಂಧದಗುಡಿ’ಯು ಅವುಗಳಲ್ಲಿ ಪ್ರಸಿದ್ಧವಾದುದು. ಹೊಡೆದಾಟದ ಆಳಾಗಿ ಚಿತ್ರರಂಗವನ್ನು ಹೊಕ್ಕ ಪ್ರಭಾಕರ್ ಅವರ ವೃತ್ತಿಯು ಇನ್ನೂ ಬಗೆಬಗೆಯಾದದ್ದು. ನಾಯಕರಿಂದ ಏಟು ತಿಂದು ಬೀಳುವವರಾಗಿ ಮೊದಲಾಗಿ, ಖಳನಾಯಕರಾಗಿ, ಟೈಗರ್ ಪ್ರಭಾಕರ್ ಎಂಬ ಬಿರುದಿನೊಡನೆ ನಾಯಕರೂ ಆಗಿ, ದಕ್ಷಿಣದ ಭಾಷೆಗಳಲ್ಲೆಲ್ಲ ಸೇರಿ 400ಕ್ಕೂ ಮೇಲ್ಪಟ್ಟು ಚಿತ್ರಗಳಲ್ಲಿ ಅಭಿನಯಿಸಿ, ಕಡೆಗೆ 1991ರ ‘ಕಲಿಯುಗ ಭೀಮ’ ಮೊದಲಾದ ಚಿತ್ರಗಳನ್ನು ತಾವೇ ನಿರ್ದೇಶಿಸಿದರು. 2001ರ ಮಾರ್ಚ್ 25ರಂದು ಅವರು ಕಾಲವಾದರು.

ಪ್ರಭಾಕರ್ ಅವರಂತೆ ಬೀಳುವವರ ಸಾಲಿನಿಂದ ಎದ್ದು ನಿಲ್ಲುವವರು ಸಾವಿರದಲ್ಲಿ ಒಬ್ಬರು. ಉಳಿದವರಿಗೆ ಚಿತ್ರರಂಗದ ಆಡುಮಾತಿನಲ್ಲಿ ಡ್ಯೂಪ್ ಎಂದು ಹೆಸರು. ನಾಯಕನ ಅಂಗಿಯನ್ನೇ ತೊಟ್ಟು, ಅವನಂತೆಯೇ ತಲೆ ಬಾಚಿಕೊಂಡು, ಮುಖ ಕಾಣದಂತೆ ಮೂರನೆಯ ಅಂತಸ್ತಿನಿಂದ ಧುಮುಕುವುದು ಡ್ಯೂಪಿನ ಕೆಲಸ. ಅವನ ಯಶಸ್ಸಿನ ಲಕ್ಷಣವೇ ಅವನು ಇದ್ದನೆಂದು ಯಾರಿಗೂ ತಿಳಿಯದಿರುವುದು. ಇನ್ನಾವ ವಿದ್ಯೆಯಲ್ಲಿಯೂ ಇಂತಹ ಕಟ್ಟಳೆಯಿಲ್ಲ. ಬಡಗಿಯು ಮಾಡಿದ ಬಾಗಿಲನ್ನು ಕಂಡು ಬಡಗಿಯನ್ನು ಕೇಳುತ್ತಾರೆ. ಶಿಲ್ಪಿಯು ಪೀಠದ ಮೂಲೆಯಲ್ಲಿ ಹೆಸರನ್ನು ಕೊರೆಯುತ್ತಾನೆ. ಇವನೊಬ್ಬನು ಮಾತ್ರ ಮರೆಯಾದಷ್ಟೂ ನಿಪುಣ.

ಇಲ್ಲಿ ಪೂರ್ವಪಕ್ಷವನ್ನು ನ್ಯಾಯವಾಗಿ ಕೇಳಬೇಕು. ಅದರ ವಾದವು ಹೀಗೆ: ಡ್ಯೂಪನ್ನು ಯಾರೂ ಕಟ್ಟಿ ಎಳೆದು ತರಲಿಲ್ಲ. ಅಪಾಯವನ್ನು ತಿಳಿದೇ ಅವನು ಒಪ್ಪಿದ್ದಾನೆ, ಕೂಲಿಯನ್ನು ತೆಗೆದುಕೊಂಡಿದ್ದಾನೆ. ಮರ ಹತ್ತಿ ತೆಂಗಿನಕಾಯಿ ಕೀಳುವವನಿಗೂ, ಬಾವಿಗೆ ಇಳಿದು ಹೂಳು ತೆಗೆಯುವವನಿಗೂ ಅಪಾಯವುಂಟು. ಅವರ ಹೆಸರನ್ನು ಯಾರು ಕೇಳುತ್ತಾರೆ? ಅಲ್ಲದೆ ಇದು ಬಡವರ ಮಕ್ಕಳಿಗೆ ಮೇಲೇರುವ ಒಂದು ಮೆಟ್ಟಿಲು. ಓದು ಇಲ್ಲದ, ಮನೆತನದ ಬಲವಿಲ್ಲದ, ಮೈಯ ಬಲ ಮಾತ್ರವಿರುವ ತರುಣನು ಬೇರೆ ಯಾವ ಬಾಗಿಲಿನಿಂದ ಈ ರಂಗವನ್ನು ಹೊಗಬೇಕು? ಅವನ ಅಪಾಯವನ್ನು ಕಂಡು ಮರುಗುವ ವಿದ್ಯಾವಂತರು ಅವನ ಅನ್ನವನ್ನು ಕಿತ್ತುಕೊಂಡಾರು. ಅವನಿಗೆ ಬೇಕಾದದ್ದು ಕೆಲಸ, ಕನಿಕರವಲ್ಲ.

ಈ ವಾದದಲ್ಲಿ ಸತ್ಯದ ದೊಡ್ಡ ಭಾಗವೊಂದು ಇದೆ. ಸಾಹಸದ ಕಸುಬನ್ನು ಹೀನವೆನ್ನುವುದು ಅಹಂಕಾರ. ಹಿಂದಕ್ಕೆ ಬೀಳುವುದಕ್ಕೂ ಕಲಿಕೆ ಬೇಕು. ಏಟು ತಗುಲದಂತೆ ತಗುಲಿದಂತೆ ಕಾಣಿಸುವುದಕ್ಕೆ ವರ್ಷಗಳ ಅಭ್ಯಾಸ ಬೇಕು. ಆದರೆ ‘ಒಪ್ಪಿದ್ದಾನೆ’ ಎಂಬ ಮಾತನ್ನು ಒರೆಗೆ ಹಚ್ಚಬೇಕು. ಒಪ್ಪಿಗೆಗೆ ಎರಡು ಅಂಗಗಳು: ಒಂದು, ಅಪಾಯದ ಪ್ರಮಾಣವನ್ನು ಅರಿತಿರುವುದು, ಇನ್ನೊಂದು, ಬೇಡವೆನ್ನುವ ಶಕ್ತಿಯಿರುವುದು. ‘ಇದನ್ನು ಮಾಡಲಾರೆ’ ಎಂದವನಿಗೆ ನಾಳೆಯ ದಿನ ಕರೆ ಬಾರದೆಂಬ ಭಯವಿದ್ದರೆ ಎರಡನೆಯ ಅಂಗವು ಲೋಪವಾಯಿತು. ಅದರಲ್ಲಿಯೂ ಅಲ್ಪ ಬಂಡವಾಳದ ಚಿತ್ರಗಳಲ್ಲಿ ಒಂದು ಗುಟ್ಟಿದೆ. ಬಲೆ, ಹಗ್ಗ, ಮೆತ್ತೆ, ವೈದ್ಯ, ಈಜು ಬಲ್ಲ ಕಾವಲಿನವರು, ಹೆಚ್ಚು ದಿನಗಳ ಅಭ್ಯಾಸ ಇವೆಲ್ಲಕ್ಕೂ ಹಣ ಬೇಕು. ಹಣವಿಲ್ಲದ ಕಡೆ ಇವುಗಳ ಸ್ಥಾನವನ್ನು ತುಂಬುವುದು ಆಳಿನ ಎದೆಗಾರಿಕೆ. ಆಗ ಅವನ ದೇಹವೇ ಬಂಡವಾಳವಾಗುತ್ತದೆ. ಆದರೆ ಲಾಭದ ಲೆಕ್ಕದಲ್ಲಿ ಆ ಬಂಡವಾಳಕ್ಕೆ ಪಾಲಿಲ್ಲ. ಹೆಚ್ಚು ಹಣವಿರುವ ಕಡೆಯೂ ಅವಸರವು ಇದೇ ಕೆಲಸವನ್ನು ಮಾಡುತ್ತದೆ. 2021ರ ಆಗಸ್ಟಿನಲ್ಲಿ ಬಿಡದಿಯ ಬಳಿ ಚಿತ್ರೀಕರಣದಲ್ಲಿದ್ದ ಸಾಹಸಗಾರನೊಬ್ಬನು ವಿದ್ಯುತ್ತಿನ ಆಘಾತದಿಂದ ಮಡಿದನು. 2025ರ ಜುಲೈಯಲ್ಲಿ ತಮಿಳುನಾಡಿನಲ್ಲಿ ಕಾರನ್ನು ಹಾರಿಸಿದ ಇನ್ನೊಬ್ಬನು ಮಡಿದನು. ತೆಂಗಿನ ಮರವನ್ನು ಹತ್ತುವವನೊಡನೆ ಇವರನ್ನು ಹೋಲಿಸಿದ್ದೂ ಸರಿಯಲ್ಲ. ಮರ ಹತ್ತುವವನ ಅಪಾಯವನ್ನು ಯಾರೂ ಬಯಸುವುದಿಲ್ಲ, ಬೇಕಾದದ್ದು ಕಾಯಿ. ಇಲ್ಲಿ ಅಪಾಯವೇ ಕಾಯಿ. ಮಾರಾಟಕ್ಕೆ ಇಟ್ಟಿರುವುದು ಅದನ್ನೇ.

ಹಾಗಾದರೆ ಕೊಳ್ಳುವವನ ವಿಚಾರಕ್ಕೆ ಬರೋಣವಾಗಲಿ. ಭರತಮುನಿಯ ನಾಟ್ಯಶಾಸ್ತ್ರವು ರಂಗದ ಮೇಲಿನ ಕಾಳಗಕ್ಕೆ ಒಂದು ನಿಯಮವನ್ನು ಇಟ್ಟಿದೆ. ಆಯುಧವನ್ನು ಪ್ರಯೋಗಿಸುವಾಗ ನಿಜವಾಗಿ ಚುಚ್ಚಬಾರದು, ಕತ್ತರಿಸಬಾರದು, ರಕ್ತ ಹರಿಯಬಾರದು. ಎಲ್ಲವೂ ಅಭಿನಯದಿಂದ ಸೂಚಿತವಾಗಬೇಕು. ಆಯುಧಗಳನ್ನು ಹಗುರವಾದ ವಸ್ತುಗಳಿಂದ ಮಾಡಬೇಕೆಂದೂ ಹೇಳಿದೆ. ಯುದ್ಧ, ಮರಣ ಮುಂತಾದವುಗಳನ್ನು ಅಂಕದಲ್ಲಿ ಪ್ರತ್ಯಕ್ಷವಾಗಿ ತೋರಿಸದೆ ಪ್ರವೇಶಕಗಳಲ್ಲಿ ತಿಳಿಸಬೇಕೆಂಬುದೂ ಶಾಸ್ತ್ರದ ವಿಧಿ. ಭಾಸನ ಹೆಸರಿನಲ್ಲಿರುವ ‘ಊರುಭಂಗ’ದಲ್ಲಿ ದುರ್ಯೋಧನನು ರಂಗದ ಮೇಲೆಯೇ ಪ್ರಾಣ ಬಿಡುವುದರಿಂದ ಈ ಎರಡನೆಯ ವಿಧಿಗೆ ಅಪವಾದಗಳಿದ್ದುವೆಂದು ಒಪ್ಪಬೇಕು, ಆದರೆ ಮೊದಲನೆಯ ನಿಯಮಕ್ಕೆ ಅಪವಾದವಿರಲಾರದು. ನಟನ ತೊಡೆಯನ್ನು ಮುರಿದು ಊರುಭಂಗವನ್ನು ಆಡಿದವರಿಲ್ಲ.

ಈ ನಿಯಮವು ಬರಿಯ ದಯೆಯಿಂದ ಹುಟ್ಟಿದ್ದಲ್ಲ. ಅದರಲ್ಲಿ ರಸದ ತತ್ತ್ವವೇ ಅಡಗಿದೆ. ಲೋಕದಲ್ಲಿ ಭಯವು ದುಃಖ. ನಾಟಕದಲ್ಲಿ ಭಯಾನಕವು ಆಸ್ವಾದ್ಯ. ಇದು ಹೇಗೆ ಸಾಧ್ಯವೆಂದರೆ, ನಾಟಕದಲ್ಲಿ ಕಾಣುವ ಭಯವು ಇಂಥವನದೆಂದು ಅಂಟಿಕೊಂಡಿರುವುದಿಲ್ಲ. ಅದು ಸಾಧಾರಣವಾಗಿ, ಯಾರದೂ ಅಲ್ಲದೆ, ಎಲ್ಲರದೂ ಆಗಿ ತೋರುತ್ತದೆ. ಅಭಿನವಗುಪ್ತನ ವ್ಯಾಖ್ಯಾನದ ಸಾರವಿದು. ಪ್ರೇಕ್ಷಕನು ನಿಶ್ಚಿಂತನಾಗಿ ಭಯವನ್ನು ಸವಿಯಬಹುದಾದದ್ದು ಆ ಭಯಕ್ಕೆ ನಿಜವಾದ ಒಡೆಯನಿಲ್ಲದ್ದರಿಂದ. ಆದರೆ ತೆರೆಯ ಮೇಲೆ ಬೀಳುತ್ತಿರುವ ಆಕೃತಿಯ ಹಿಂದೆ ನಿಜವಾಗಿ ಬೀಳುತ್ತಿರುವ ಒಬ್ಬ ಮನುಷ್ಯನಿದ್ದರೆ, ಅವನಿಗೆ ಹೆಂಡತಿಮಕ್ಕಳಿದ್ದರೆ, ಆ ಭಯಕ್ಕೆ ಒಡೆಯನು ಇದ್ದಾನೆ. ಅದನ್ನು ಅರಿಯದೆ ಸವಿದರೆ ಅದು ಅಜ್ಞಾನ. ಅರಿತು ಸವಿದರೆ ರಸವೆಂಬ ಹೆಸರು ಅದಕ್ಕೆ ಸಲ್ಲದು.

ಇಲ್ಲೊಂದು ವಿಚಿತ್ರವುಂಟು. ಇಂದು ಯಂತ್ರಗಣಿತದ ಸಹಾಯದಿಂದ ಬೆಟ್ಟವನ್ನೇ ಉರುಳಿಸಿದಂತೆ ತೆರೆಯ ಮೇಲೆ ತೋರಿಸಬಹುದು. ಆದರೂ ‘ಡ್ಯೂಪ್ ಇಲ್ಲದೆ ನಿಜವಾಗಿ ಮಾಡಿದ್ದು’ ಎಂಬ ಜಾಹೀರಾತಿಗೆ ಜನರು ಮರುಳಾಗುತ್ತಾರೆ. ಕಥೆಯು ಸುಳ್ಳೆಂದು ಗೊತ್ತು, ಪ್ರೇಮವು ಸುಳ್ಳೆಂದು ಗೊತ್ತು, ಕಣ್ಣೀರು ಸುಳ್ಳೆಂದು ಗೊತ್ತು. ಅಪಾಯವೊಂದು ಮಾತ್ರ ನಿಜವಾಗಿರಬೇಕೆಂದು ಹಂಬಲ. ಸತ್ಯವನ್ನು ಇಷ್ಟೊಂದು ಪ್ರೀತಿಸುವವರು ಅದನ್ನು ಇನ್ನೊಬ್ಬರ ಮೂಳೆಯಲ್ಲಿ ಹುಡುಕುವುದೇಕೆ?

ಇನ್ನು ಕೀರ್ತಿಯ ಮಾತು. ‘ಉತ್ತರನ ಪೌರುಷ ಒಲೆಯ ಮುಂದೆ’ ಎಂಬ ಗಾದೆಯಿಂದ ವಿರಾಟನ ಮಗನು ಶಾಶ್ವತವಾದ ನಗೆಪಾಟಲಿಗೆ ಗುರಿಯಾಗಿದ್ದಾನೆ. ಹೆಂಗಸರ ಮುಂದೆ ಜಂಬ ಕೊಚ್ಚಿ, ಕೌರವರ ಸೇನೆಯನ್ನು ಕಂಡು ರಥದಿಂದ ಹಾರಿ ಓಡಿದವನು ಅವನು. ಆದರೆ ಕಥೆಯ ಕೊನೆಯನ್ನು ಗಾದೆಯು ಹೇಳುವುದಿಲ್ಲ. ಗೋವುಗಳನ್ನು ಬಿಡಿಸಿದವನು ಬೃಹನ್ನಳೆಯ ವೇಷದ ಅರ್ಜುನ. ಗುಟ್ಟು ಒಡೆಯಬಾರದೆಂಬ ಕಾರಣದಿಂದ, ಗೆಲುವನ್ನು ನಿನ್ನದೆಂದೇ ಹೇಳಿಕೊ ಎಂದು ಅರ್ಜುನನೇ ಉತ್ತರನಿಗೆ ಹೇಳಿಕೊಟ್ಟನು. ನಗರದಲ್ಲಿ ಮಗನ ಜಯವೆಂದು ವಿರಾಟನು ಹಬ್ಬ ಮಾಡಿಸಿದನು. ಬೃಹನ್ನಳೆಯು ಸಾರಥಿಯಾಗಿರುವಾಗ ಜಯವು ಬಾರದಿರುವುದುಂಟೆ ಎಂದು ಕಂಕನ ವೇಷದ ಧರ್ಮರಾಯನು ಮತ್ತೆ ಮತ್ತೆ ನುಡಿದದ್ದಕ್ಕೆ, ರಾಜನು ಸಿಟ್ಟಿನಿಂದ ದಾಳವನ್ನು ಅವನ ಮುಖಕ್ಕೆ ಎಸೆದನು, ರಕ್ತವು ಬಂದಿತು. ಮಾಡಿದವನು ಯಾರೆಂಬ ಸತ್ಯವನ್ನು ಆಡಿದ್ದಕ್ಕೆ ಧರ್ಮರಾಯನು ತೆತ್ತ ಬೆಲೆಯದು. ಆಗ ಬಂದ ಉತ್ತರನು ಏನೆಂದನು? ಗೋವುಗಳನ್ನು ಗೆದ್ದವನು ತಾನಲ್ಲ, ಶತ್ರುಗಳನ್ನು ಓಡಿಸಿದವನು ತಾನಲ್ಲ, ಅದೆಲ್ಲ ಒಬ್ಬ ದೇವಪುತ್ರನ ಕೆಲಸವೆಂದನು. ಹೆಸರನ್ನು ಹೇಳುವ ಸ್ವಾತಂತ್ರ್ಯ ಅವನಿಗೆ ಇರಲಿಲ್ಲ, ಆದರೆ ‘ನಾನಲ್ಲ’ ಎನ್ನುವ ಸ್ವಾತಂತ್ರ್ಯವಿದ್ದಿತು, ಅದನ್ನು ಉಪಯೋಗಿಸಿದನು. ಕೀರ್ತಿಯನ್ನು ಉಡುಗೊರೆಯಾಗಿ ಕೊಟ್ಟರೂ ತೆಗೆದುಕೊಳ್ಳಲಿಲ್ಲ. ರಣದಲ್ಲಿ ಹೇಡಿಯಾದವನು ಸಭೆಯಲ್ಲಿ ವೀರನಾದನು. ಇಂದಿನ ತೆರೆಯ ನಾಯಕರಿಗೆ ಅರ್ಜುನನಷ್ಟು ಆಗುವುದು ಕಷ್ಟವಾದೀತು, ಉತ್ತರನಷ್ಟಾದರೂ ಆಗಬಾರದೆ?

ಫಲವನ್ನು ಬಯಸದೆ ಕರ್ಮವನ್ನು ಮಾಡುವುದಲ್ಲವೆ ಶ್ರೇಷ್ಠ, ಡ್ಯೂಪನು ಹೆಸರನ್ನು ಬಯಸುವುದೇಕೆ ಎಂದು ಕೇಳುವವರೂ ಇದ್ದಾರೆ. ಗೀತೆಯ ಉಪದೇಶಕ್ಕೆ ಇದಕ್ಕಿಂತ ದೊಡ್ಡ ಅಪಚಾರವಿಲ್ಲ. ಫಲತ್ಯಾಗವು ತನಗೆ ತಾನು ವಿಧಿಸಿಕೊಳ್ಳುವ ವ್ರತ. ಇನ್ನೊಬ್ಬನ ಮೇಲೆ ಹೇರುವ ಸುಂಕವಲ್ಲ. ಉಪವಾಸವು ಪುಣ್ಯವೆಂದು ಕೂಲಿಯವನಿಗೆ ಊಟ ಕೊಡದ ಯಜಮಾನನನ್ನು ಯಾರೂ ಧರ್ಮಾತ್ಮನೆನ್ನುವುದಿಲ್ಲ. ತ್ಯಾಗವನ್ನು ಮಾಡಿದವನು ತ್ಯಾಗಿ. ಮಾಡಿಸಿಕೊಂಡವನಿಗೆ ಬೇರೆ ಹೆಸರಿದೆ.

ಪ್ರಶಸ್ತಿಗಳು ಬಂದಿವೆಯೆಂಬುದು ನಿಜ. ರಾಷ್ಟ್ರೀಯ ಚಲಚ್ಚಿತ್ರ ಪ್ರಶಸ್ತಿಗಳಲ್ಲಿ ಸಾಹಸ ನಿರ್ದೇಶನಕ್ಕೂ ಸ್ಥಾನ ದೊರೆತಿದೆ. 2018ರ ಕನ್ನಡ ಚಿತ್ರ ‘ಕೆ.ಜಿ.ಎಫ್.’ ಆ ಮನ್ನಣೆಯನ್ನು ಪಡೆಯಿತು. ಅಮೆರಿಕದ ಆಸ್ಕರ್ ಪ್ರಶಸ್ತಿಯ ಸಂಸ್ಥೆಯು ತನ್ನ ನೂರನೆಯ ಸಮಾರಂಭವಾದ 2028ರಿಂದ ಸಾಹಸವಿನ್ಯಾಸಕ್ಕೆ ಪ್ರಶಸ್ತಿ ಕೊಡುವುದಾಗಿ 2025ರಲ್ಲಿ ಸಾರಿತು. ಇದು ಸಂತೋಷದ ಸಂಗತಿ. ಆದರೆ ಈ ಮನ್ನಣೆಯು ಹೊಡೆದಾಟವನ್ನು ಹೆಣೆದವನಿಗೆ ಸಲ್ಲುತ್ತದೆ, ಬಿದ್ದವನಿಗಲ್ಲ.

ಆನೆಯ ಸೀಮೆಯವರಿಗೆ ಇದರ ವ್ಯತ್ಯಾಸವನ್ನು ಬೇರೆಯವರು ಹೇಳಿಕೊಡಬೇಕಾಗಿಲ್ಲ. 1968ರ ಖೆಡ್ಡಾದಲ್ಲಿ ಕಾಕನಕೋಟೆಯಲ್ಲಿ ಸಿಕ್ಕ ಅರ್ಜುನನೆಂಬ ಆನೆಯು ಬಳ್ಳೆಯ ಶಿಬಿರದಲ್ಲಿದ್ದು, 2012ರಿಂದ 2019ರವರೆಗೆ ಎಂಟು ಸಲ ಮೈಸೂರಿನ ದಸರೆಯಲ್ಲಿ ಚಿನ್ನದ ಅಂಬಾರಿಯನ್ನು ಹೊತ್ತಿತು. ಹುಣಸೂರಿನ ವೀರನಹೊಸಹಳ್ಳಿಯಿಂದ ಗಜಪಯಣವು ಹೊರಡುವಾಗ ಅದನ್ನು ನೋಡಲು ಊರೂರಿನ ಮಕ್ಕಳು ಸೇರುತ್ತಿದ್ದರು. ಪುಂಡಾನೆಗಳನ್ನು ಹಿಡಿಯುವ ಅಪಾಯದ ಕೆಲಸಕ್ಕೂ ಅದನ್ನೇ ಒಯ್ಯುತ್ತಿದ್ದರು. 2023ರ ಡಿಸೆಂಬರ್ 4ರಂದು ಸಕಲೇಶಪುರದ ಯಸಳೂರಿನ ಕಾಡಿನಲ್ಲಿ ಮದವೇರಿದ ಸಲಗದೊಡನೆ ಕಾದಾಡಿ ಅದು ಸತ್ತಿತು. ನಾಡೇ ಮರುಗಿತು. ಸತ್ತಲ್ಲಿ ಸ್ಮಾರಕವಾಗಬೇಕೆಂದು ಜನರು ಪಟ್ಟು ಹಿಡಿದರು. ಆನೆಗೆ ಮನುಷ್ಯರು ಕೊಟ್ಟ ಹೆಸರೊಂದು ಇದ್ದುದರಿಂದ ಅಷ್ಟು ಕಣ್ಣೀರು ಹರಿಯಿತು. ಮೂಕಪ್ರಾಣಿಗೆ ಸಂದ ಈ ನ್ಯಾಯವು ಮಾತು ಬಲ್ಲವನಿಗೆ ಸಲ್ಲದಿದ್ದರೆ ಅದು ಲೋಕದ ಬುದ್ಧಿಗೆ ಕೀರ್ತಿಯಲ್ಲ. ಹತ್ತನೆಯ ಶತಮಾನದ ಆತಕೂರಿನ ಶಾಸನವು ಹಂದಿಯೊಡನೆ ಕಾದಿ ಮಡಿದ ಕಾಳಿ ಎಂಬ ನಾಯಿಯ ಹೆಸರನ್ನು ಸಹ ಕಲ್ಲಿನಲ್ಲಿ ಉಳಿಸಿದೆ.

ವೀರಗಲ್ಲಿನ ಆಳು ತುರುಗಳಿಗಾಗಿ ಸತ್ತನು, ಊರಿಗಾಗಿ ಸತ್ತನು. ವಿನೋದಕ್ಕಾಗಿ ಬಿದ್ದವನನ್ನು ಅವನ ಸಾಲಿನಲ್ಲಿ ನಿಲ್ಲಿಸಬಹುದೆ ಎಂಬ ಸಂಶಯವು ಉಳಿಯುತ್ತದೆ. ಇದಕ್ಕೆ ಉತ್ತರವನ್ನು ಎರಡಾಗಿ ಹೇಳಬೇಕು. ಧೈರ್ಯವು ಯಾರ ಹೃದಯದಲ್ಲಿ ಹುಟ್ಟಿತೋ ಅವನದು. ಅಂಗಿಯನ್ನು ಬದಲಾಯಿಸಿದ ಮಾತ್ರಕ್ಕೆ ಅದು ಇನ್ನೊಬ್ಬನದಾಗದು. ತನ್ನವರ ಹೊಟ್ಟೆಯನ್ನು ಹೊರೆಯುವುದಕ್ಕಾಗಿ ಎತ್ತರದಿಂದ ಧುಮುಕಿದವನ ಧೈರ್ಯವು ಮತ್ತಾವ ಧೈರ್ಯಕ್ಕೂ ಕಡಮೆಯಲ್ಲ. ಇದು ಮೊದಲನೆಯದು. ಆದರೆ ಧೈರ್ಯಕ್ಕೆ ಬೆಲೆಯಿದೆಯೆಂಬುದರಿಂದ ಆ ಸಾವಿಗೆ ಸಮರ್ಥನೆ ಬರುವುದಿಲ್ಲ. ತುರುಗಳು ಹೋದರ ಊರು ಹಸಿಯುತ್ತಿದ್ದಿತು. ಒಂದು ದೃಶ್ಯವು ಹೋದರೆ ಯಾರೂ ಹಸಿಯುವುದಿಲ್ಲ. ಯಾವ ವಿನೋದವೂ ಒಂದು ಜೀವದ ತೂಕಕ್ಕೆ ನಿಲ್ಲದು. ಇದು ಎರಡನೆಯದು. ಬಿದ್ದವನನ್ನು ಗೌರವಿಸಬೇಕು, ಬೀಳಿಸಿದ ಕಾರಣವನ್ನು ಗೌರವಿಸಕೂಡದು. ಎರಡನ್ನೂ ಒಂದಾಗಿ ಬೆರಸಿ, ಸತ್ತವರನ್ನು ಹುತಾತ್ಮರೆಂದು ಹೊಗಳಿ, ಆ ಹೊಗಳಿಕೆಯ ಮರೆಯಲ್ಲಿ ಹಗ್ಗವನ್ನೂ ಬಲೆಯನ್ನೂ ಮರೆಯುವುದೇ ಇಂದು ನಡೆಯುತ್ತಿರುವ ದೊಡ್ಡ ವಂಚನೆ.

ಆದುದರಿಂದ ಮೂವರ ಧರ್ಮವು ಮೂರು ಬಗೆ. ಚಿತ್ರವನ್ನು ಮಾಡುವವನ ಧರ್ಮವು ಭರತನ ನಿಯಮ: ಕಾಣಿಸಬೇಕು, ಆಗಬಾರದು. ಹೆಚ್ಚು ಎತ್ತರದಿಂದ ಬೀಳಿಸಿದವನು ಸಾಹಸ ನಿರ್ದೇಶಕನಲ್ಲ. ಸಂಜೆಗೆ ಎಲ್ಲರನ್ನೂ ಮನೆಗೆ ಕಳುಹಿಸಿದವನು ಸಾಹಸ ನಿರ್ದೇಶಕ. ಹಣ ಸಾಲದಿದ್ದರೆ ದೃಶ್ಯವನ್ನು ಬಿಡಬೇಕು, ಹಗ್ಗವನ್ನಲ್ಲ. ಹೆಸರನ್ನು ಪಡೆಯುವವನ ಧರ್ಮವು ಉತ್ತರನ ಮಾತು: ನಾನಲ್ಲ, ಮಾಡಿದವನು ಇವನು. ನೋಡುವವನ ಧರ್ಮವು ಎಲ್ಲಕ್ಕಿಂತ ಸುಲಭವಾದದ್ದು. ಆದುದರಿಂದಲೇ ಅದನ್ನು ಯಾರೂ ಮಾಡುವುದಿಲ್ಲ. ಚಿತ್ರವು ಮುಗಿದ ಮೇಲೆ ತೆರೆಯ ಮೇಲೆ ಸಣ್ಣ ಅಕ್ಷರಗಳ ಹೆಸರುಗಳು ಏರಿ ಹೋಗುತ್ತವೆ. ಆ ಹೊತ್ತಿಗೆ ಪಿರಿಯಾಪಟ್ಟಣದಲ್ಲಾಗಲಿ ಕೃಷ್ಣರಾಜನಗರದಲ್ಲಾಗಲಿ ಜನರು ಎದ್ದು ಬಾಗಿಲ ಕಡೆ ನಡೆದಿರುತ್ತಾರೆ. ಮನೆಯ ಹಿರಿಯರು ಮಕ್ಕಳನ್ನು ಒಂದು ನಿಮಿಷ ಕುಳ್ಳಿರಿಸಿ, ಬಿದ್ದವನು ಯಾರು ಓದು ಎಂದು ಹೇಳಿದರೆ ಅದೇ ಒಂದು ವೀರಗಲ್ಲು. ಅಲ್ಲಿ ಆ ಹೆಸರೇ ಇಲ್ಲದಿದ್ದರೆ, ಏಕೆ ಇಲ್ಲವೆಂದು ಮಗುವು ಕೇಳೀತು. ಆ ಪ್ರಶ್ನೆಯು ಇನ್ನೂ ದೊಡ್ಡ ಕಲ್ಲು.

ಬೇಸಗೆಯಲ್ಲಿ ಕಬಿನಿಯ ಹಿನ್ನೀರು ಇಳಿದಾಗ ಹಿಂದೆ ಖೆಡ್ಡಾ ನಡೆಯುತ್ತಿದ್ದ ಸೀಮೆಯಲ್ಲಿ ಹಸುರು ಹುಲ್ಲು ಹಬ್ಬಿ, ಆನೆಗಳು ಹಿಂಡುಹಿಂಡಾಗಿ ಬಂದು ಮೇಯುತ್ತವೆ. ಈಗ ಅವುಗಳನ್ನು ಅಟ್ಟುವವರಿಲ್ಲ. ನೋಡುವುದಕ್ಕೆ ದೇಶದೇಶಗಳಿಂದ ಜನರು ಈಗಲೂ ಬರುತ್ತಾರೆ. ಯಾರ ಪ್ರಾಣವನ್ನೂ ಒತ್ತೆಯಿಡದೆ, ದೂರದಿಂದ, ಸುಮ್ಮನೆ ನೋಡಿ, ಹಿಂದಿನವರಷ್ಟೇ ಸಂತೋಷಪಟ್ಟು ಹೋಗುತ್ತಾರೆ.